ಬ್ಯಾಕ್ಟೀರಿಯಾವನ್ನು ಬಿಟ್ಟು ಅದರ ವಿಷಕ್ಕೆ ಕೈ ಹಾಕುವ ಪಾಲಿಮರ್‌ಗಳು

2025ರ ಜನವರಿ 31ಕ್ಕೆ ಮರ್ಕ್ ಕಂಪನಿ ಬೆಜ್ಲೊಟಾಕ್ಸುಮ್ಯಾಬ್ ಎಂಬ ಔಷಧದ ಮಾರಾಟ ನಿಲ್ಲಿಸಿತು. ಸಿ. ಡಿಫಿಸೀಲ್ ಎಂಬ ಬ್ಯಾಕ್ಟೀರಿಯಾದಿಂದ ಬರುವ ಭೇದಿ ವಾಸಿಯಾದ ಮೇಲೆ ಮರುಕಳಿಸದಿರಲಿ ಎಂದು ಡ್ರಿಪ್ ಮೂಲಕ ಕೊಡುತ್ತಿದ್ದ ಪ್ರತಿಕಾಯ (ಆಂಟಿಬಾಡಿ) ಔಷಧ ಅದು. ಅದು ಬ್ಯಾಕ್ಟೀರಿಯಾದ ತಂಟೆಗೇ ಹೋಗುತ್ತಿರಲಿಲ್ಲ. ಬ್ಯಾಕ್ಟೀರಿಯಾ ಹೊರಬಿಡುವ ವಿಷಕ್ಕೆ, ಅಂದರೆ ಟಾಕ್ಸಿನ್‌ಗೆ, ಅಂಟಿಕೊಂಡು ಅದನ್ನು ಕೆಲಸಕ್ಕೆ ಬಾರದಂತೆ ಮಾಡುತ್ತಿತ್ತು. 2017ರಲ್ಲಿ ಪ್ರಕಟವಾದ ಎರಡು ದೊಡ್ಡ ಪರೀಕ್ಷೆಗಳ ಫಲಿತಾಂಶ ಹೀಗಿತ್ತು: ಆಂಟಿಬಯಾಟಿಕ್ ಮಾತ್ರ ಪಡೆದವರಲ್ಲಿ ನೂರಕ್ಕೆ 26ರಿಂದ 28 ಮಂದಿಗೆ ಕಾಯಿಲೆ ಮರಳಿ ಬಂತು, ಜೊತೆಗೆ ಈ ಔಷಧವನ್ನೂ ಪಡೆದವರಲ್ಲಿ 16ರಿಂದ 17 ಮಂದಿಗೆ. ಕೆಲಸ ಮಾಡುತ್ತಿದ್ದ ಔಷಧವೇ ಹೀಗೆ ಅಂಗಡಿಯಿಂದ ಮರೆಯಾಯಿತು.

ಇದಕ್ಕೂ ಮೊದಲು, ಇದೇ ಕಾಯಿಲೆಗೆ, ಇದೇ ಯೋಚನೆಯ ಮೇಲೆ ಇನ್ನೊಂದು ಔಷಧ ತಯಾರಾಗಿತ್ತು. ಪ್ರತಿಕಾಯದಂಥ ದುಬಾರಿ ವಸ್ತುವಿನ ಬದಲು ಅದರಲ್ಲಿ ಇದ್ದದ್ದು ಒಂದು ಪಾಲಿಮರ್, ಅಂದರೆ ಸಣ್ಣ ಅಣುಗಳನ್ನು ಸರಪಳಿಯಂತೆ ಪೋಣಿಸಿದ ವಸ್ತು; ಥರ್ಮಾಕೋಲ್ ಯಾವುದರಿಂದ ಆಗಿದೆಯೋ ಅದೇ ಪಾಲಿಸ್ಟೈರೀನ್‌ನ ಹತ್ತಿರದ ನಂಟ. ಟಾಲೆವಮರ್ ಎಂದು ಅದರ ಹೆಸರು. ಕೊನೆಯ ಹಂತದ ಪರೀಕ್ಷೆಯಲ್ಲಿ ಅದು ಸೋತಿತು, ಕಂಪನಿ ಕೈಬಿಟ್ಟಿತು. ಆ ಸೋಲಿನ ಅಂಕಿಅಂಶಗಳನ್ನು ಇಂದು ಮತ್ತೊಮ್ಮೆ ಓದಿದರೆ, ಪಾಲಿಮರ್‌ನ ಕೊರತೆಯಷ್ಟೇ ದೊಡ್ಡದಾದ ಇನ್ನೊಂದು ಕೊರತೆ ಕಾಣುತ್ತದೆ: ಅದನ್ನು ಪರೀಕ್ಷಿಸಿದ ರೀತಿಯದು. ವಿಷ ಹಿಡಿಯುವ ಪಾಲಿಮರ್‌ಗೆ ಬ್ಯಾಕ್ಟೀರಿಯಾ ಕೊಲ್ಲುವ ಔಷಧದ ಕೆಲಸವನ್ನು ಒಬ್ಬಂಟಿಯಾಗಿ ಹೊರಿಸಿ, ಅದು ಆಗಲಿಲ್ಲವೆಂದು ಇಡೀ ದಾರಿಯನ್ನೇ ಮುಚ್ಚಿದ್ದು ತಪ್ಪು ಎಂಬುದು ನನ್ನ ಅಭಿಪ್ರಾಯ.

ಕಾಯಿಲೆ ತರುವುದು ಯಾವುದು?

ಸೋಂಕು ಎಂದರೆ ಬ್ಯಾಕ್ಟೀರಿಯಾ ಹೊಕ್ಕಿದೆ, ಅದನ್ನು ಕೊಂದರೆ ವಾಸಿ ಎಂದು ನಾವೆಲ್ಲ ಅಂದುಕೊಳ್ಳುತ್ತೇವೆ. ಬಹಳಷ್ಟು ಸೋಂಕುಗಳಲ್ಲಿ ಅದು ಸರಿಯೇ. ಆದರೆ ಕಾಲರಾ, ಧನುರ್ವಾಯು, ಗಂಟಲುಮಾರಿಗಳಲ್ಲಿ ದೇಹವನ್ನು ಹಾಳುಮಾಡುವುದು ಬ್ಯಾಕ್ಟೀರಿಯಾ ಸ್ರವಿಸುವ ಒಂದು ಪ್ರೋಟೀನು. ಬ್ಯಾಕ್ಟೀರಿಯಾ ಇಲ್ಲದೆ ಆ ಪ್ರೋಟೀನನ್ನಷ್ಟೇ ಕೊಟ್ಟರೂ ಕಾಯಿಲೆಯ ಲಕ್ಷಣಗಳು ಕಾಣಿಸಿಕೊಳ್ಳುತ್ತವೆ.

ಕಾಲರಾದ ವಿಷಯದಲ್ಲಿ ಇದನ್ನು ತೋರಿಸಿಕೊಟ್ಟವರು ಕಲ್ಕತ್ತಾದ ಶಂಭುನಾಥ ಡೇ. ಕಾಲರಾ ಬ್ಯಾಕ್ಟೀರಿಯಾ ಬೆಳೆಸಿದ ದ್ರವವನ್ನು ಸೋಸಿ, ಅದರಲ್ಲಿ ಒಂದೇ ಒಂದು ಜೀವಂತ ಬ್ಯಾಕ್ಟೀರಿಯಾ ಉಳಿಯದಂತೆ ಮಾಡಿ, ಮೊಲದ ಕರುಳಿನ ಎರಡು ಕಡೆ ಕಟ್ಟಿದ ಒಂದು ತುಂಡಿನೊಳಗೆ ಅದನ್ನು ಬಿಟ್ಟರು. ಕರುಳು ನೀರು ತುಂಬಿ ಉಬ್ಬಿತು. 1959ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಈ ಬರಹ ಬಂತು. ಕಾಲರಾ ಬ್ಯಾಕ್ಟೀರಿಯಾ ವಿಷವೊಂದನ್ನು ಬಿಡುತ್ತಿರಬಹುದು ಎಂದು ರಾಬರ್ಟ್ ಕಾಖ್ 1880ರ ದಶಕದಲ್ಲೇ ಊಹಿಸಿದ್ದರು. ಅದನ್ನು ಸಾಬೀತು ಮಾಡಲು ಮುಕ್ಕಾಲು ಶತಮಾನವೇ ಹಿಡಿಯಿತು. ಬದುಕಿದ್ದಾಗ ಡೇ ಅವರಿಗೆ ಸಿಗಬೇಕಾದ ಮನ್ನಣೆ ಸಿಗಲಿಲ್ಲ. ಈ ವಿಷಯದ ಬಗ್ಗೆ ಬರೆಯುವ ಯಾರೇ ಆಗಲಿ ಅವರ ಹೆಸರನ್ನು ಬಿಟ್ಟು ಮುಂದೆ ಹೋಗಬಾರದು.

ಕಾಲರಾಕ್ಕೆ ಸಿಕ್ಕ ಉತ್ತರವೂ ಗಮನಿಸುವಂಥದ್ದು. 1971ರಲ್ಲಿ ಬಾಂಗ್ಲಾ ನಿರಾಶ್ರಿತರು ತುಂಬಿದ್ದ ಬೋನ್‌ಗಾಂವ್ ಶಿಬಿರದಲ್ಲಿ ಡಾ. ದಿಲೀಪ್ ಮಹಾಲನಬಿಸ್ ಉಪ್ಪು, ಸಕ್ಕರೆ ಬೆರೆಸಿದ ನೀರು ಕುಡಿಸಿ ಸಾವಿರಾರು ಜೀವ ಉಳಿಸಿದರು. ಓಆರ್‌ಎಸ್ ಟಾಕ್ಸಿನ್ನನ್ನು ಮುಟ್ಟುವುದಿಲ್ಲ, ಬ್ಯಾಕ್ಟೀರಿಯಾವನ್ನೂ ಮುಟ್ಟುವುದಿಲ್ಲ. ದೇಹ ಕಳೆದುಕೊಂಡ ನೀರು ಮತ್ತು ಲವಣವನ್ನು ತುಂಬಿಕೊಡುತ್ತದೆ. ಅಷ್ಟರಲ್ಲಿ ದೇಹವೇ ರೋಗವನ್ನು ಕಳೆದುಕೊಳ್ಳುತ್ತದೆ. ಸೋಂಕಿಗೆ ಚಿಕಿತ್ಸೆ ಎಂದರೆ ಕೊಲ್ಲುವುದೊಂದೇ ಅಲ್ಲ ಎಂಬುದಕ್ಕೆ ಇದಕ್ಕಿಂತ ದೊಡ್ಡ ಪುರಾವೆ ಬೇಕಿಲ್ಲ.

ಟಾಕ್ಸಿನ್ನನ್ನೇ ಹಿಡಿಯುವ ಚಿಕಿತ್ಸೆ ಹೊಸದೂ ಅಲ್ಲ. 1890ರಲ್ಲಿ ಎಮಿಲ್ ಫಾನ್ ಬೇರಿಂಗ್ ಮತ್ತು ಕಿತಾಸಾತೊ ಶಿಬಾಸಾಬುರೊ ಧನುರ್ವಾಯು ಹಾಗೂ ಗಂಟಲುಮಾರಿಯ ವಿಷಕ್ಕೆ ಪ್ರತಿವಿಷವನ್ನು ಕಂಡುಕೊಂಡರು. 1901ರಲ್ಲಿ ವೈದ್ಯಕೀಯದ ಮೊದಲ ನೊಬೆಲ್ ಬೇರಿಂಗ್ ಅವರಿಗೆ ಬಂದದ್ದು ಇದೇ ಸಾಲಿನ ಕೆಲಸಕ್ಕೆ. ಇಂದಿಗೂ ಗಂಟಲುಮಾರಿಗೆ ಕೊಡುವ ಪ್ರತಿವಿಷ ಕುದುರೆಯ ರಕ್ತದಿಂದಲೇ ಬರುತ್ತದೆ. ಕುದುರೆ ಸಾಕಬೇಕು, ರಕ್ತ ತೆಗೆಯಬೇಕು, ತಂಪಾಗಿ ಇಡಬೇಕು, ಕೊಟ್ಟ ಮೇಲೆ ಕೆಲವರಿಗೆ ಅಲರ್ಜಿಯಾದರೆ ನಿಭಾಯಿಸಬೇಕು. ಆ ಕೆಲಸವನ್ನು ಕಾರ್ಖಾನೆಯಲ್ಲಿ ಟನ್ನುಗಟ್ಟಲೆ ತಯಾರಿಸಬಹುದಾದ, ಕೋಣೆಯ ಬಿಸಿಯಲ್ಲಿ ಕೆಡದ ಪುಡಿಯೊಂದು ಮಾಡಿದರೆ? ಪಾಲಿಮರ್ ಔಷಧಗಳ ಕನಸು ಹುಟ್ಟಿದ್ದು ಇಲ್ಲಿ.

ಹೊಟ್ಟೆಗೆ ಹೋಗಿ ಹಾಗೇ ಹೊರಬರುವ ಔಷಧ

ನಮ್ಮ ಊರುಗಳಲ್ಲೂ ಇಂಥ ಪಾಲಿಮರ್‌ಗಳನ್ನು ದಿನವೂ ನುಂಗುವವರು ಇದ್ದಾರೆ. ಮನೆಯಲ್ಲಿ ಡಯಾಲಿಸಿಸ್ ರೋಗಿಗಳಿದ್ದವರಿಗೆ ಸೆವೆಲಾಮರ್ ಮಾತ್ರೆ ಗೊತ್ತಿರುತ್ತದೆ. ಊಟದ ಜೊತೆ ನುಂಗಬೇಕಾದ ಆ ದಪ್ಪ ಮಾತ್ರೆ ಒಂದು ಪಾಲಿಮರ್. ಅನ್ನ ಬೇಳೆಯಲ್ಲಿನ ರಂಜಕಾಂಶವನ್ನು ಕರುಳಿನಲ್ಲೇ ಹಿಡಿದುಕೊಂಡು ಮಲದ ಜೊತೆ ಹೊರಹೋಗುತ್ತದೆ. ರಕ್ತದಲ್ಲಿ ಪೊಟ್ಯಾಶಿಯಂ ಏರಿದಾಗ ನೀರಿನಲ್ಲಿ ಕಲಸಿ ಕುಡಿಯಲು ಕೊಡುವ ಕೆ-ಬೈಂಡ್ ಪುಡಿ ಪಾಲಿಸ್ಟೈರೀನ್ ಸಲ್ಫೋನೇಟ್. ಇವು ರಕ್ತ ಸೇರುವುದೇ ಇಲ್ಲ. ಸರಪಳಿ ಅಷ್ಟು ಉದ್ದ, ಕರುಳಿನ ಗೋಡೆ ದಾಟಲಾಗದಷ್ಟು ದೊಡ್ಡದು. ದೇಹದೊಳಗೆ ಇದ್ದೂ ದೇಹದ ಹೊರಗೇ ಉಳಿದು ಕೆಲಸ ಮುಗಿಸುತ್ತವೆ. ಹಾಗಾಗಿ ಯಕೃತ್ತು, ಹೃದಯ, ಮಿದುಳಿನ ಮೇಲೆ ನೇರ ಅಡ್ಡಪರಿಣಾಮದ ಭಯ ಕಡಿಮೆ.

ಸೆವೆಲಾಮರನ್ನು ರೂಪಿಸಿದ್ದು ಅಮೆರಿಕದ ಜೆಲ್‌ಟೆಕ್ಸ್ ಎಂಬ ಕಂಪನಿ. 2000ದಲ್ಲಿ ಅದನ್ನು ಜೆನ್‌ಜೈಮ್ ಕೊಂಡಿತು. ರಂಜಕ, ಪಿತ್ತರಸಗಳನ್ನು ಕರುಳಿನಲ್ಲೇ ಹಿಡಿಯಬಹುದಾದರೆ ಬ್ಯಾಕ್ಟೀರಿಯಾದ ವಿಷವನ್ನೇಕೆ ಹಿಡಿಯಬಾರದು ಎಂಬ ಪ್ರಶ್ನೆಗೆ ಅವರು ಆರಿಸಿಕೊಂಡ ಕಾಯಿಲೆ ಸಿ. ಡಿಫಿಸೀಲ್ ಭೇದಿ.

ಆಯ್ಕೆ ಜಾಣತನದ್ದೇ. ಈ ಬ್ಯಾಕ್ಟೀರಿಯಾ ಕರುಳಿನ ಗೋಡೆ ಕೊರೆದು ರಕ್ತಕ್ಕೆ ನುಗ್ಗುವಂಥದ್ದಲ್ಲ. ಆರೋಗ್ಯವಂತರ ದೊಡ್ಡಕರುಳಿನಲ್ಲಿ ನೂರಾರು ಜಾತಿಯ ಬ್ಯಾಕ್ಟೀರಿಯಾ ತುಂಬಿಕೊಂಡು ಇದಕ್ಕೆ ಜಾಗವನ್ನೇ ಬಿಟ್ಟಿರುವುದಿಲ್ಲ. ಬೇರೆ ಯಾವುದೋ ಕಾಯಿಲೆಗೆಂದು ಆಂಟಿಬಯಾಟಿಕ್ ತೆಗೆದುಕೊಂಡಾಗ ಆ ಒಳ್ಳೆಯ ಬಳಗ ನಾಶವಾಗುತ್ತದೆ. ಬಿಸಿಗೂ ಸ್ಪಿರಿಟ್ಟಿಗೂ ಜಗ್ಗದ ಬೀಜಕಗಳಾಗಿ ಕುಳಿತಿದ್ದ ಸಿ. ಡಿಫಿಸೀಲ್ ಆಗ ಮೊಳೆತು, ಬೆಳೆದು, ಎರಡು ಟಾಕ್ಸಿನ್‌ಗಳನ್ನು ಬಿಡುತ್ತದೆ: ಎ ಮತ್ತು ಬಿ. ಎರಡೂ ಭಾರೀ ಪ್ರೋಟೀನುಗಳು, ಇನ್ಸುಲಿನ್‌ಗಿಂತ ಸುಮಾರು 50 ಪಟ್ಟು ತೂಕ. ಕರುಳಿನ ಜೀವಕೋಶದೊಳಗೆ ಹೋಗಿ, ಆ ಕೋಶದ ಆಕಾರ ಕಾಯುವ ರೋ ಎಂಬ ಪ್ರೋಟೀನುಗಳಿಗೆ ಒಂದು ಗ್ಲೂಕೋಸ್ ಅಣುವನ್ನು ಅಂಟಿಸಿಬಿಡುತ್ತವೆ. ಅಷ್ಟಕ್ಕೇ ಕೋಶದ ಚೌಕಟ್ಟು ಕುಸಿಯುತ್ತದೆ, ಕೋಶ ಕೋಶಗಳ ನಡುವಿನ ಬೆಸುಗೆ ಬಿಡುತ್ತದೆ, ನೀರು ಸೋರುತ್ತದೆ, ಗೋಡೆಯ ಮೇಲೆ ಹಳದಿ ಪೊರೆ ಕಟ್ಟುತ್ತದೆ.

ಅಮೆರಿಕದಲ್ಲಿ 2011ರ ಒಂದೇ ವರ್ಷದಲ್ಲಿ ಸುಮಾರು ನಾಲ್ಕೂವರೆ ಲಕ್ಷ ಜನಕ್ಕೆ ಈ ಸೋಂಕು ತಗುಲಿ, ಸುಮಾರು 29 ಸಾವಿರ ಮಂದಿ ಸತ್ತರೆಂದು ಅಲ್ಲಿನ ಅಂದಾಜು. ಚಿಕಿತ್ಸೆಯಾಗಿ ಕೊಡುವ ವ್ಯಾಂಕೋಮೈಸಿನ್, ಮೆಟ್ರೊನಿಡಜೋಲ್‌ಗಳೂ ಆಂಟಿಬಯಾಟಿಕ್‌ಗಳೇ. ಕಾಯಿಲೆಗೆ ಕಾರಣವಾದ ಸಂಗತಿಯನ್ನೇ ಔಷಧವೆಂದು ಮತ್ತೆ ಕೊಡಬೇಕಾದ ಪರಿಸ್ಥಿತಿ. ಭೇದಿ ನಿಲ್ಲುತ್ತದೆ, ಕರುಳಿನ ಒಳ್ಳೆಯ ಬಳಗ ಇನ್ನಷ್ಟು ಸೊರಗುತ್ತದೆ, ಐದರಲ್ಲಿ ಒಬ್ಬರಿಗೆ ಕೆಲವೇ ವಾರಗಳಲ್ಲಿ ಕಾಯಿಲೆ ವಾಪಸು ಬರುತ್ತದೆ. ಬ್ಯಾಕ್ಟೀರಿಯಾವನ್ನು ಕೊಲ್ಲದೆ ವಿಷವನ್ನಷ್ಟೇ ಹಿಡಿಯುವ ಔಷಧಕ್ಕೆ ಇದಕ್ಕಿಂತ ಸೂಕ್ತ ಜಾಗ ಇರಲಾರದು.

ಟಾಲೆವಮರ್‌ನ ಲೆಕ್ಕ

ಪಾಲಿಸ್ಟೈರೀನ್ ನೀರಿನಲ್ಲಿ ಕರಗುವುದಿಲ್ಲ. ಅದರ ಸರಪಳಿಯ ಪ್ರತಿ ಉಂಗುರಕ್ಕೂ ಒಂದು ಸಲ್ಫೋನೇಟ್ ಗುಂಪು ಸೇರಿಸಿದರೆ ಅದು ಋಣ ವಿದ್ಯುದಂಶ ಹೊತ್ತು, ನೀರಿನಲ್ಲಿ ಕರಗುವ ಉದ್ದ ಎಳೆಯಾಗುತ್ತದೆ. ಕೆ-ಬೈಂಡ್ ಪುಡಿಯಲ್ಲಿ ಈ ಎಳೆಗಳನ್ನು ಒಂದಕ್ಕೊಂದು ಹೆಣೆದು ಕರಗದ ಕಾಳಾಗಿಸಿರುತ್ತಾರೆ. ಟಾಲೆವಮರ್‌ನಲ್ಲಿ ಹೆಣೆದಿರಲಿಲ್ಲ, ಎಳೆಗಳು ಬಿಡಿಯಾಗಿ, ತುಂಬ ಉದ್ದವಾಗಿ, ಕರುಳಿನ ದ್ರವದಲ್ಲಿ ಹರಡಿಕೊಂಡು ಟಾಕ್ಸಿನ್‌ಗಳನ್ನು ಸುತ್ತಿಕೊಳ್ಳಲಿ ಎಂಬುದು ಉದ್ದೇಶ.

2006ರಲ್ಲಿ ಪ್ರಕಟವಾದ ಎರಡನೇ ಹಂತದ ಪರೀಕ್ಷೆ ಆಸೆ ಹುಟ್ಟಿಸಿತು. ದಿನಕ್ಕೆ 6 ಗ್ರಾಂ ತೆಗೆದುಕೊಂಡವರಲ್ಲಿ ಭೇದಿ ನಿಲ್ಲುವ ವಿಚಾರದಲ್ಲಿ ಟಾಲೆವಮರ್ ವ್ಯಾಂಕೋಮೈಸಿನ್‌ಗೆ ಹೆಚ್ಚುಕಡಿಮೆ ಸಮನಾಗಿ ನಿಂತಿತು, ಮರುಕಳಿಕೆಯೂ ಕಡಿಮೆ ಇತ್ತು. ಒಂದು ತೊಂದರೆ ಕಾಣಿಸಿತು: ಈ ಪಾಲಿಮರ್ ಪೊಟ್ಯಾಶಿಯಂ ಹಿಡಿಯುವ ಕೆ-ಬೈಂಡ್‌ನ ನಂಟ ಅಲ್ಲವೇ, ಹಲವರ ರಕ್ತದಲ್ಲಿ ಪೊಟ್ಯಾಶಿಯಂ ಇಳಿಯಿತು. ಮುಂದಿನ ಹಂತಕ್ಕೆ ಸೋಡಿಯಂ ಜೊತೆ ಪೊಟ್ಯಾಶಿಯಂ ಸೇರಿಸಿದ ದ್ರವರೂಪವನ್ನು ತಯಾರಿಸಿದರು, ಪ್ರಮಾಣವನ್ನು ದಿನಕ್ಕೆ 9 ಗ್ರಾಂಗೆ ಏರಿಸಿದರು.

ಮೂರನೇ ಹಂತದಲ್ಲಿ ಸಾವಿರಕ್ಕೂ ಹೆಚ್ಚು ರೋಗಿಗಳು. ಒಂದು ಗುಂಪಿಗೆ ಟಾಲೆವಮರ್ ಮಾತ್ರ, ಇನ್ನೊಂದಕ್ಕೆ ಮೆಟ್ರೊನಿಡಜೋಲ್, ಮತ್ತೊಂದಕ್ಕೆ ವ್ಯಾಂಕೋಮೈಸಿನ್. ಭೇದಿ ನಿಂತದ್ದು ನೂರಕ್ಕೆ ಕ್ರಮವಾಗಿ 44.2, 72.7 ಮತ್ತು 81.1 ಮಂದಿಗೆ. ಈ ಸಾಲಿನ ಮೇಲೆ ಔಷಧದ ಹಣೆಬರಹ ತೀರ್ಮಾನವಾಯಿತು.

ಅದೇ ಪರೀಕ್ಷೆಯ ಇನ್ನೊಂದು ಸಾಲು: ವಾಸಿಯಾದವರ ಪೈಕಿ ಕಾಯಿಲೆ ಮರಳಿದ್ದು ಟಾಲೆವಮರ್ ಗುಂಪಿನಲ್ಲಿ ನೂರಕ್ಕೆ 4.5 ಮಂದಿಗೆ, ಮೆಟ್ರೊನಿಡಜೋಲ್‌ನಲ್ಲಿ 23, ವ್ಯಾಂಕೋಮೈಸಿನ್‌ನಲ್ಲಿ 20.6 ಮಂದಿಗೆ. ಸುಮಾರು ಐದು ಪಟ್ಟಿನ ಅಂತರವನ್ನು ವೈದ್ಯಕೀಯದಲ್ಲಿ ಅಪರೂಪಕ್ಕಷ್ಟೇ ಕಾಣುತ್ತೇವೆ.

ಇಲ್ಲಿ ಎಚ್ಚರವೂ ಬೇಕು. ಎರಡನೇ ಸಾಲನ್ನು ಮಾತ್ರ ಹಿಡಿದು ಟಾಲೆವಮರ್‌ಗೆ ಅನ್ಯಾಯವಾಯಿತು ಎಂದುಬಿಡುವುದು ಸರಿಯಲ್ಲ. ಎರಡೂ ಸಾಲುಗಳನ್ನು ಗುಣಿಸಿ ನೋಡಿ: ವಾಸಿಯಾಗಿ, ಮರುಕಳಿಸದೆ ಉಳಿದವರು ಟಾಲೆವಮರ್‌ನಲ್ಲಿ ನೂರಕ್ಕೆ ಸುಮಾರು 42, ಮೆಟ್ರೊನಿಡಜೋಲ್‌ನಲ್ಲಿ 56, ವ್ಯಾಂಕೋಮೈಸಿನ್‌ನಲ್ಲಿ 64. ಒಟ್ಟು ಲೆಕ್ಕದಲ್ಲೂ ಪಾಲಿಮರ್ ಹಿಂದೆಯೇ. ಅಲ್ಲದೆ ಟಾಲೆವಮರ್‌ನಿಂದ ವಾಸಿಯಾದ 44 ಮಂದಿ ಮೊದಲೇ ಗಟ್ಟಿಗರಾಗಿ ಇದ್ದಿರಬಹುದು. ಅಂಥವರಿಗೆ ಮರುಕಳಿಕೆ ಹೇಗೂ ಕಡಿಮೆ. ಇಷ್ಟೆಲ್ಲ ಕಳೆದರೂ ಆ ಅಂತರ ಪೂರ್ತಿ ಅಳಿಸಿಹೋಗುವಷ್ಟು ಸಣ್ಣದಲ್ಲ. ಆಂಟಿಬಯಾಟಿಕ್ ಇಲ್ಲದೆ ಚೇತರಿಸಿಕೊಂಡ ಕರುಳಿಗೆ ತನ್ನ ಬಳಗವನ್ನು ಮತ್ತೆ ಕಟ್ಟಿಕೊಳ್ಳಲು ಬಿಡುವು ಸಿಗುತ್ತದೆ ಎಂಬ ವಿವರಣೆ ಇದಕ್ಕೆ ಸಹಜವಾಗಿ ಹೊಂದುತ್ತದೆ. ವ್ಯಾಂಕೋಮೈಸಿನ್‌ನಷ್ಟು ವ್ಯಾಪಕವಾಗಿ ಕೊಲ್ಲದ ಫಿಡಾಕ್ಸೊಮೈಸಿನ್ 2011ರಲ್ಲಿ ಬಂದಾಗ ಮರುಕಳಿಕೆ ಇಳಿದದ್ದೂ, ಇತ್ತೀಚಿನ ವರ್ಷಗಳಲ್ಲಿ ಆರೋಗ್ಯವಂತರ ಮಲದ ಬ್ಯಾಕ್ಟೀರಿಯಾ ಬಳಗವನ್ನೇ ಔಷಧವಾಗಿ ಕೊಡಲು ಅಮೆರಿಕದಲ್ಲಿ ಅನುಮತಿ ಸಿಕ್ಕಿರುವುದೂ ಇದೇ ವಿವರಣೆಯ ಕಡೆಗೆ ಬೆರಳು ತೋರಿಸುತ್ತವೆ.

ಮೊದಲ ಸಾಲಿನ ಸೋಲಿಗೆ ಕಾರಣವೇನು? ಟಾಲೆವಮರ್ ಎರಡು ಟಾಕ್ಸಿನ್‌ಗಳನ್ನೂ ಒಂದೇ ಬಿಗಿಯಲ್ಲಿ ಹಿಡಿಯುತ್ತಿರಲಿಲ್ಲ. ಪ್ರಯೋಗಾಲಯದ ಅಳತೆಗಳಲ್ಲಿ ಟಾಕ್ಸಿನ್ ಎ ಜೊತೆಗಿನ ಹಿಡಿತಕ್ಕಿಂತ ಟಾಕ್ಸಿನ್ ಬಿ ಜೊತೆಗಿನ ಹಿಡಿತ ಹತ್ತಾರು ಪಟ್ಟು ಸಡಿಲವಾಗಿತ್ತು. ಆ ಕಾಲಕ್ಕೆ ಮುಖ್ಯ ಖಳ ಟಾಕ್ಸಿನ್ ಎ ಎಂದೇ ಹೆಚ್ಚಿನವರ ನಂಬಿಕೆ. 2009ರಲ್ಲಿ ಆಸ್ಟ್ರೇಲಿಯದ ಮೊನಾಶ್ ವಿಶ್ವವಿದ್ಯಾಲಯದ ತಂಡ, ಟಾಕ್ಸಿನ್ ಬಿ ತೆಗೆದುಹಾಕಿದ ಬ್ಯಾಕ್ಟೀರಿಯಾ ಹ್ಯಾಮ್‌ಸ್ಟರ್‌ಗಳಲ್ಲಿ ಹಲ್ಲು ಕಿತ್ತ ಹಾವಿನಂತಾಗುತ್ತದೆ ಎಂದು ತೋರಿಸಿತು. ಮಾರನೇ ವರ್ಷ ಬ್ರಿಟನ್ನಿನ ಇನ್ನೊಂದು ತಂಡ ಎರಡಕ್ಕೂ ಪಾಲಿದೆ ಎಂದಿತು. ಮನುಷ್ಯರ ವಿಚಾರದಲ್ಲಿ ತೀರ್ಪು ಬಂದದ್ದು ಪ್ರತಿಕಾಯಗಳ ಪರೀಕ್ಷೆಯಿಂದ: ಟಾಕ್ಸಿನ್ ಬಿ ಹಿಡಿಯುವ ಬೆಜ್ಲೊಟಾಕ್ಸುಮ್ಯಾಬ್ ಕೆಲಸ ಮಾಡಿತು, ಟಾಕ್ಸಿನ್ ಎ ಹಿಡಿಯುವ ಆಕ್ಟೊಕ್ಸುಮ್ಯಾಬ್‌ನಿಂದ ಏನೂ ಉಪಯೋಗವಾಗಲಿಲ್ಲ. ಅಂದರೆ ಟಾಲೆವಮರ್ ಬಿಗಿಯಾಗಿ ಹಿಡಿದದ್ದು ಕಡಿಮೆ ಮುಖ್ಯವಾದ ವಿಷವನ್ನು.

ವಿದ್ಯುದಂಶದ ಸೆಳೆತವನ್ನೇ ನೆಚ್ಚಿದ ಹಿಡಿತಕ್ಕೆ ಇನ್ನೊಂದು ಮಿತಿಯಿದೆ. ಸುತ್ತ ಲವಣ ಹೆಚ್ಚಿದಷ್ಟೂ ಅದು ಸಡಿಲಗೊಳ್ಳುತ್ತದೆ, ಮತ್ತು ಕರುಳಿನ ದ್ರವದಲ್ಲಿ ಲವಣಕ್ಕೆ ಬರವಿಲ್ಲ. ಇದೆಲ್ಲದರ ಮೇಲೆ, ಬ್ಯಾಕ್ಟೀರಿಯಾ ಜೀವಂತವಾಗಿ ಕುಳಿತು ಗಂಟೆಗಂಟೆಗೂ ಹೊಸ ವಿಷ ಬಿಡುತ್ತಲೇ ಇರುತ್ತದೆ. ತೀವ್ರ ಕಾಯಿಲೆಯವರಲ್ಲಿ ಈ ಓಟದಲ್ಲಿ ಪಾಲಿಮರ್ ಗೆಲ್ಲುವುದು ಕಷ್ಟ.

ಹಾಗಾದರೆ ಕೇಳಬೇಕಾಗಿದ್ದ ಪ್ರಶ್ನೆ ಯಾವುದು? ವ್ಯಾಂಕೋಮೈಸಿನ್ ಬದಲು ಪಾಲಿಮರ್ ಸಾಕೇ ಎಂಬುದಲ್ಲ. ವ್ಯಾಂಕೋಮೈಸಿನ್‌ನ ದಿನಗಳನ್ನು ಕಡಿಮೆ ಮಾಡಿ, ಅದು ನಿಂತ ಮೇಲೆ ಕರುಳು ಚೇತರಿಸಿಕೊಳ್ಳುವವರೆಗೆ ಪಾಲಿಮರ್ ಕೊಟ್ಟರೆ ಮರುಕಳಿಕೆ ಇಳಿಯುತ್ತದೆಯೇ ಎಂದು ಕೇಳಬೇಕಿತ್ತು. ಬೆಜ್ಲೊಟಾಕ್ಸುಮ್ಯಾಬ್‌ನವರು ಕೇಳಿದ್ದು ಹೆಚ್ಚುಕಡಿಮೆ ಅದೇ ಪ್ರಶ್ನೆ: ಅವರು ಆಂಟಿಬಯಾಟಿಕ್ ಜೊತೆಗೆ ಕೊಟ್ಟರು, ಮರುಕಳಿಕೆಯನ್ನೇ ಅಳೆದರು, ಗೆದ್ದರು. ಆಂಟಿಬಯಾಟಿಕ್‌ಗೆ ಬದಲಿ ಎಂದು ಹೇಳಿಕೊಂಡರೆ ಮಾರುಕಟ್ಟೆ ದೊಡ್ಡದು, ಜೊತೆಗಾರ ಎಂದರೆ ಚಿಕ್ಕದು ಎಂಬ ಲೆಕ್ಕಾಚಾರ ಇಂಥ ತೀರ್ಮಾನಗಳ ಹಿಂದೆ ಇರುವುದುಂಟು. ಅದರ ಬೆಲೆ ತೆರುವವರು ರೋಗಿಗಳು.

ಜೊತೆಯಾಗಿ ಕೊಡುವುದೂ ಸಲೀಸಲ್ಲ. ಕೊಲೆಸ್ಟೈರಮೀನ್ ಎಂಬ ಹಳೆಯ ಪಾಲಿಮರ್ ಪುಡಿ ಸಿ. ಡಿಫಿಸೀಲ್ ಟಾಕ್ಸಿನ್ನನ್ನು ಹಿಡಿಯುತ್ತದೆ ಎಂದು ದಶಕಗಳ ಹಿಂದೆಯೇ ಗೊತ್ತಾಗಿತ್ತು. ಅದು ವ್ಯಾಂಕೋಮೈಸಿನ್ನನ್ನೂ ಹಿಡಿದುಕೊಳ್ಳುತ್ತದೆ. ಎರಡನ್ನೂ ಒಟ್ಟಿಗೆ ನುಂಗಿದರೆ ಔಷಧವೇ ಮಲದಲ್ಲಿ ಹೋಗುತ್ತದೆ. ಯಾವುದನ್ನು ಹಿಡಿಯಬೇಕು ಎಂಬುದರಷ್ಟೇ ಯಾವುದನ್ನು ಬಿಡಬೇಕು ಎಂಬುದನ್ನೂ ಪಾಲಿಮರ್‌ಗೆ ಕಲಿಸಬೇಕು.

ಗುರುತು ಹಿಡಿಯುವ ಪಾಲಿಮರ್

ಟಾಕ್ಸಿನ್‌ಗಳು ಜೀವಕೋಶವನ್ನು ಹೊಗುವ ಮೊದಲು ಅದರ ಮೇಲಿನ ನಿರ್ದಿಷ್ಟ ಸಕ್ಕರೆ ಅಥವಾ ಪ್ರೋಟೀನಿಗೆ ಅಂಟಿಕೊಳ್ಳುತ್ತವೆ. ಆ ಸಕ್ಕರೆಯ ನಕಲನ್ನು ಪಾಲಿಮರ್ ಎಳೆಯ ಉದ್ದಕ್ಕೂ ಕೂರಿಸಿದರೆ ಟಾಕ್ಸಿನ್ ಜೀವಕೋಶದ ಬದಲು ಅದಕ್ಕೇ ಅಂಟೀತು. ಒಂದೊಂದು ಅಂಟು ದುರ್ಬಲವೇ. ಆದರೆ ಹೊಲದ ಬದುವಿನಲ್ಲಿ ನಡೆದು ಬಂದಾಗ ಪಂಚೆಗೆ ಹತ್ತುವ ಉತ್ತರಾಣಿ ಕಾಳುಗಳ ಹಾಗೆ, ಸಣ್ಣ ಸಣ್ಣ ಕೊಕ್ಕೆಗಳು ಒಟ್ಟಿಗೆ ಸೇರಿದಾಗ ಬಿಡಿಸುವುದು ಕಷ್ಟ.

ಕೆನಡಾದ ಆಲ್ಬರ್ಟಾ ವಿಶ್ವವಿದ್ಯಾಲಯದ ಡೇವಿಡ್ ಬಂಡಲ್ ಅವರ ತಂಡ 2000ದಲ್ಲಿ ಇದರ ಬಲವನ್ನು ತೋರಿಸಿತು. ಇ. ಕೊಲಿ ಓ157 ಎಂಬ ಕರುಳಿನ ಬ್ಯಾಕ್ಟೀರಿಯಾ ಬಿಡುವ ಶೀಗಾ ಮಾದರಿಯ ಟಾಕ್ಸಿನ್ ಐದು ದಳಗಳ ಹೂವಿನ ಆಕಾರದ್ದು. ಅದಕ್ಕೆ ಸರಿಹೊಂದುವಂತೆ ಐದು ತೋಳಿನ ಅಣುವೊಂದನ್ನು ಕಟ್ಟಿ, ತೋಳುಗಳ ತುದಿಯಲ್ಲಿ ಟಾಕ್ಸಿನ್‌ಗೆ ಇಷ್ಟವಾದ ಸಕ್ಕರೆಗಳನ್ನು ಕೂರಿಸಿದರು. ‘ಸ್ಟಾರ್‌ಫಿಶ್’ ಎಂದು ಹೆಸರಿಟ್ಟರು. ಒಂಟಿ ಸಕ್ಕರೆಗೆ ಹೋಲಿಸಿದರೆ ಅದರ ತಡೆಯುವ ಶಕ್ತಿ ಹತ್ತು ಲಕ್ಷದಿಂದ ಒಂದು ಕೋಟಿ ಪಟ್ಟು ಹೆಚ್ಚಿತ್ತು. ಮರುವರ್ಷ ಹಾರ್ವರ್ಡ್‌ನಲ್ಲಿ ಜಾನ್ ಕಾಲಿಯರ್ ಮತ್ತು ಜಾರ್ಜ್ ವೈಟ್‌ಸೈಡ್ಸ್ ಅವರ ತಂಡಗಳು ಆಂಥ್ರಾಕ್ಸ್ ಟಾಕ್ಸಿನ್‌ಗೆ ಇದೇ ಉಪಾಯ ಹೂಡಿದವು. ಪಾಲಿಅಕ್ರಿಲಮೈಡ್ ಎಳೆಯ ಮೇಲೆ ಪೆಪ್ಟೈಡ್ ಎಂಬ ಸಣ್ಣ ಪ್ರೋಟೀನ್ ತುಣುಕಿನ ಹಲವು ಪ್ರತಿಗಳನ್ನು ಕೂರಿಸಿ ಕೊಟ್ಟಾಗ, ಮಾರಕ ಪ್ರಮಾಣದ ವಿಷ ಪಡೆದ ಇಲಿಗಳು ಉಳಿದವು.

ಶೀಗಾ ಟಾಕ್ಸಿನ್‌ನಲ್ಲಿ ಈ ಕೆಲಸಕ್ಕೆ ವಿಶೇಷ ತುರ್ತಿದೆ. ಅದರಿಂದ ಬರುವ ಭೇದಿಗೆ ಆಂಟಿಬಯಾಟಿಕ್ ಕೊಡಲು ವೈದ್ಯರು ಹಿಂಜರಿಯುತ್ತಾರೆ, ಏಕೆಂದರೆ ಕೆಲವು ಆಂಟಿಬಯಾಟಿಕ್‌ಗಳು ಬ್ಯಾಕ್ಟೀರಿಯಾವನ್ನು ಒಡೆಯುವಾಗ ಇನ್ನಷ್ಟು ವಿಷ ಹೊರಚೆಲ್ಲುವಂತೆ ಮಾಡುತ್ತವೆ. ಮಕ್ಕಳಲ್ಲಿ ಕಿಡ್ನಿ ನಿಲ್ಲುತ್ತದೆ, ಕೆಂಪು ರಕ್ತಕಣ ಒಡೆಯುತ್ತದೆ. 2011ರಲ್ಲಿ ಜರ್ಮನಿಯಲ್ಲಿ ಮೊಳಕೆ ಕಾಳಿನಿಂದ ಹರಡಿದ ಇಂಥದೇ ಸೋಂಕು ಮೂರು ಸಾವಿರಕ್ಕೂ ಹೆಚ್ಚು ಜನರನ್ನು ಮಲಗಿಸಿ 50ಕ್ಕೂ ಹೆಚ್ಚು ಜೀವ ತೆಗೆಯಿತು.

ಈ ಸಕ್ಕರೆಯನ್ನು ಸಿಲಿಕಾ ಕಣಗಳ ಮೇಲೆ ಕೂರಿಸಿದ ಸಿನ್‌ಸಾರ್ಬ್ ಎಂಬ ಔಷಧವನ್ನು ಕಿಡ್ನಿ ತೊಂದರೆ ಆಗಲೇ ಶುರುವಾಗಿದ್ದ 145 ಮಕ್ಕಳಿಗೆ ಕೊಟ್ಟು ನೋಡಿದ ಪರೀಕ್ಷೆ 2003ರಲ್ಲಿ ಪ್ರಕಟವಾಯಿತು. ಪ್ರಯೋಜನವಾಗಲಿಲ್ಲ. ಔಷಧ ಇರುವುದು ಕರುಳಿನಲ್ಲಿ. ಅಷ್ಟು ಹೊತ್ತಿಗೆ ವಿಷ ರಕ್ತ ಸೇರಿ, ಕಿಡ್ನಿಯ ಕೋಶಗಳ ಒಳಗೆ ಕುಳಿತಾಗಿರುತ್ತದೆ. ಭೇದಿ ಶುರುವಾದ ಮೊದಲ ಒಂದೆರಡು ದಿನದಲ್ಲಿ, ಇದು ಓ157 ಎಂದು ಖಚಿತವಾಗುವ ಪರೀಕ್ಷೆ ಕೈಯಲ್ಲಿದ್ದಿದ್ದರೆ ಕತೆ ಬೇರೆಯಾಗುತ್ತಿತ್ತೋ ಏನೋ. ಧನುರ್ವಾಯುವಿನ ಪ್ರತಿವಿಷದ ವಿಚಾರದಲ್ಲೂ ಹೀಗೆಯೇ: ನರದೊಳಗೆ ಹೋದ ವಿಷವನ್ನು ಅದು ಹೊರಗೆಳೆಯಲಾರದು, ಇನ್ನೂ ಹೊರಗಿರುವುದನ್ನು ಮಾತ್ರ ಹಿಡಿಯಬಲ್ಲದು.

ರಕ್ತದಲ್ಲಿ ಹಿಡಿಯುವ ಪ್ರಯತ್ನ

ಕರುಳಿನಿಂದ ರಕ್ತಕ್ಕೆ ಬಂದರೆ ಕೆಲಸ ಇನ್ನೂ ಕಠಿಣ. ಸೆಪ್ಸಿಸ್, ಆಡುಮಾತಿನಲ್ಲಿ ರಕ್ತನಂಜು, ಜಗತ್ತಿನಾದ್ಯಂತ 2017ರಲ್ಲಿ ಸುಮಾರು 1.1 ಕೋಟಿ ಸಾವುಗಳಿಗೆ ಕಾರಣವಾಯಿತೆಂದು 2020ರ ಲ್ಯಾನ್ಸೆಟ್ ಅಧ್ಯಯನ ಅಂದಾಜಿಸಿತು. ಅದರಲ್ಲಿ ಸುಮಾರು 29 ಲಕ್ಷ ಭಾರತದವು. ಗ್ರಾಂ ನೆಗೆಟಿವ್ ಎಂಬ ಗುಂಪಿನ ಬ್ಯಾಕ್ಟೀರಿಯಾಗಳ ಹೊರಕವಚದ ತುಣುಕಾದ ಎಂಡೋಟಾಕ್ಸಿನ್ ಇದರಲ್ಲಿ ದೊಡ್ಡ ಪಾತ್ರ ವಹಿಸುತ್ತದೆ. ಬ್ಯಾಕ್ಟೀರಿಯಾ ಸತ್ತ ಮೇಲೂ ಅದು ಉಳಿದಿರುತ್ತದೆ.

ಪಾಲಿಮಿಕ್ಸಿನ್ ಬಿ ಎಂಬ ಹಳೆಯ ಆಂಟಿಬಯಾಟಿಕ್ ಎಂಡೋಟಾಕ್ಸಿನ್ನನ್ನು ಚೆನ್ನಾಗಿ ಹಿಡಿಯುತ್ತದೆ, ಆದರೆ ಕಿಡ್ನಿಗೆ ಕೆಟ್ಟದ್ದು. ಜಪಾನಿನ ಟೋರೆ ಕಂಪನಿಯವರು ಅದನ್ನು ಪಾಲಿಸ್ಟೈರೀನ್ ಆಧಾರಿತ ನೂಲಿಗೆ ಕಳಚಿಕೊಳ್ಳದಂತೆ ಬೆಸೆದರು. ರೋಗಿಯ ರಕ್ತವನ್ನು ಹೊರಗೆ ತಂದು, ಆ ನೂಲು ತುಂಬಿದ ಕೊಳವೆಯ ಮೂಲಕ ಸುಮಾರು ಎರಡು ಗಂಟೆ ಹರಿಸಿ ವಾಪಸು ಬಿಡುತ್ತಾರೆ. 1994ರಿಂದ ಜಪಾನಿನ ಆರೋಗ್ಯ ವಿಮೆ ಇದರ ಖರ್ಚು ಕೊಡುತ್ತಿದೆ. ಅಂದರೆ ವಿಷ ಹಿಡಿಯುವ ಪಾಲಿಮರ್ ಒಂದು ಮೂವತ್ತು ವರ್ಷಗಳಿಂದ ಬಳಕೆಯಲ್ಲಿದೆ.

ಫಲಿತಾಂಶ ಮಾತ್ರ ಅತ್ತಿತ್ತ ತೂಗುತ್ತಿದೆ. 2009ರಲ್ಲಿ ಇಟಲಿಯ 64 ರೋಗಿಗಳ ಅಧ್ಯಯನದಲ್ಲಿ 28 ದಿನಗಳೊಳಗೆ ಸತ್ತವರು ಈ ಚಿಕಿತ್ಸೆ ಪಡೆದವರಲ್ಲಿ ನೂರಕ್ಕೆ 32, ಪಡೆಯದವರಲ್ಲಿ 53. ಎಲ್ಲರೂ ಹುಬ್ಬೇರಿಸಿದರು. ಫ್ರಾನ್ಸಿನ 2015ರ ಅಧ್ಯಯನದಲ್ಲಿ ಚಿಕಿತ್ಸೆ ಪಡೆದವರದೇ ಸಾವು ತುಸು ಹೆಚ್ಚಿತ್ತು. ಉತ್ತರ ಅಮೆರಿಕದ 450 ರೋಗಿಗಳ ಯೂಫ್ರಟೀಸ್ ಅಧ್ಯಯನ, 2018ರಲ್ಲಿ ಪ್ರಕಟವಾದದ್ದು: ಸತ್ತವರು ಚಿಕಿತ್ಸೆ ಪಡೆದವರಲ್ಲಿ ನೂರಕ್ಕೆ 37.7, ಪಡೆಯದವರಲ್ಲಿ 34.5. ಲೆಕ್ಕಕ್ಕೆ ಬರುವ ವ್ಯತ್ಯಾಸವಿಲ್ಲ. ಎಂಡೋಟಾಕ್ಸಿನ್ ಮಟ್ಟ ವಿಪರೀತವಾಗಿದ್ದವರನ್ನು ಬಿಟ್ಟು ನೋಡಿದಾಗ ಉಪಯೋಗದ ಸುಳಿವು ಸಿಕ್ಕಿತು. ಅಷ್ಟೊಂದು ವಿಷವಿರುವಾಗ ಎರಡು ಕೊಳವೆಗಳ ಸಾಮರ್ಥ್ಯ ಸಾಲದು ಎಂಬುದು ವಿವರಣೆ. ಫಲಿತಾಂಶ ಬಂದ ಮೇಲೆ ಹೀಗೆ ಗುಂಪು ಆರಿಸಿ ನೋಡುವುದು ಪುರಾವೆಯಾಗುವುದಿಲ್ಲ. ಹಾಗಾಗಿ ಆ ಗುಂಪಿನವರನ್ನೇ ಮೊದಲೇ ಆಯ್ದುಕೊಂಡು ಟೈಗ್ರಿಸ್ ಎಂಬ ಹೊಸ ಅಧ್ಯಯನವನ್ನು ರೂಪಿಸಿದರು. ಯಾರಿಗೆ, ಎಷ್ಟು ವಿಷವಿರುವಾಗ ಎಂದು ಅಳೆದು ಕೊಡಬೇಕೆಂಬ ಈ ತಿದ್ದುಪಡಿ ನನಗೆ ಸರಿಯಾದ ದಿಕ್ಕು ಅನ್ನಿಸುತ್ತದೆ.

ಸ್ಯಾನ್ ಡಿಯಾಗೊದ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಲಿಯಾಂಗ್‌ಫಾಂಗ್ ಜಾಂಗ್ ಅವರ ತಂಡ 2013ರಲ್ಲಿ ಬೇರೆಯೇ ಜಾಡು ಹಿಡಿಯಿತು. ಕರಗುವ ಹೊಲಿಗೆ ದಾರಗಳಲ್ಲಿ ಬಳಸುವ ಪಿಎಲ್‌ಜಿಎ ಪಾಲಿಮರ್‌ನ ಸೂಕ್ಷ್ಮ ಕಣಗಳಿಗೆ ಕೆಂಪು ರಕ್ತಕಣದ ಪೊರೆಯನ್ನೇ ಹೊದಿಸಿದರು. ರಕ್ತಕಣಗಳನ್ನು ತೂತು ಮಾಡುವ ಸ್ಟ್ಯಾಫಿಲೊಕಾಕಸ್‌ನ ಆಲ್ಫಾ ಟಾಕ್ಸಿನ್ ಈ ಹುಸಿಕಣಗಳಿಗೆ ನುಗ್ಗಿ ಸಿಕ್ಕಿಕೊಂಡಿತು. ಮಾರಕ ಪ್ರಮಾಣದ ವಿಷಕ್ಕೆ ಮೊದಲೇ ಈ ಕಣಗಳನ್ನು ಪಡೆದ ಇಲಿಗಳಲ್ಲಿ ನೂರಕ್ಕೆ 89 ಉಳಿದವು, ವಿಷದ ನಂತರ ಪಡೆದವುಗಳಲ್ಲಿ 44. ಈ ಎರಡು ಅಂಕಿಗಳ ನಡುವಿನ ಅಂತರದಲ್ಲಿ ಸಿನ್‌ಸಾರ್ಬ್ ಮಕ್ಕಳ ಕತೆಯೇ ಇದೆ. ಆದರೂ ಇದರ ಹೆಚ್ಚುಗಾರಿಕೆ ದೊಡ್ಡದು: ಟಾಕ್ಸಿನ್‌ನ ರಚನೆಯನ್ನು ಮೊದಲೇ ತಿಳಿದಿರಬೇಕಿಲ್ಲ. ಯಾವ ಕೋಶದ ಮೇಲೆ ಅದಕ್ಕೆ ಕಣ್ಣಿದೆಯೋ ಆ ಕೋಶದ ವೇಷ ಹಾಕಿದರೆ ಸಾಕು.

ನಮಗೆ ಇದರಲ್ಲಿ ಏನಿದೆ?

2019ರಲ್ಲಿ ಆಂಟಿಬಯಾಟಿಕ್‌ಗೆ ಬಗ್ಗದ ಬ್ಯಾಕ್ಟೀರಿಯಾಗಳಿಂದ ನೇರವಾಗಿ ಸತ್ತವರು ಜಗತ್ತಿನಲ್ಲಿ 12.7 ಲಕ್ಷ ಎಂಬ ಅಂದಾಜಿದೆ. ವಿಷವನ್ನು ಹಿಡಿಯುವ ಔಷಧ ಬ್ಯಾಕ್ಟೀರಿಯಾವನ್ನು ಸಾಯಿಸುವುದಿಲ್ಲವಾದ್ದರಿಂದ, ಅದನ್ನು ತಪ್ಪಿಸಿಕೊಳ್ಳುವ ಬ್ಯಾಕ್ಟೀರಿಯಾಗಳೇ ಬದುಕಿ ಬೆಳೆಯುವ ಒತ್ತಡವೂ ಕಡಿಮೆ. ಈ ವಾದವನ್ನು ಅತಿಯಾಗಿ ಹಿಗ್ಗಿಸಬಾರದು, ಆದರೆ ತಳ್ಳಿಹಾಕುವಂತೆಯೂ ಇಲ್ಲ.

ಬೆಂಗಳೂರಿನ ಜಕ್ಕೂರಿನಲ್ಲಿರುವ ಜವಾಹರಲಾಲ್ ನೆಹರೂ ಉನ್ನತ ವೈಜ್ಞಾನಿಕ ಸಂಶೋಧನಾ ಕೇಂದ್ರದಲ್ಲಿ ಜಯಂತ ಹಲ್ದಾರ್ ಅವರ ಪ್ರಯೋಗಾಲಯ ವರ್ಷಗಳಿಂದ ಬ್ಯಾಕ್ಟೀರಿಯಾ ವಿರುದ್ಧದ ಪಾಲಿಮರ್‌ಗಳ ಮೇಲೆ ಕೆಲಸ ಮಾಡುತ್ತಿದೆ. ಅವರ ಪಾಲಿಮರ್‌ಗಳ ದಾರಿ ಬೇರೆ. ಅವು ಧನ ವಿದ್ಯುದಂಶ ಹೊತ್ತು ಬ್ಯಾಕ್ಟೀರಿಯಾದ ಪೊರೆಯನ್ನೇ ಒಡೆಯುವಂಥವು, ಅಂದರೆ ಕೊಲ್ಲುವಂಥವು. ಆದರೆ ಪಾಲಿಮರ್‌ನ ಉದ್ದ, ವಿದ್ಯುದಂಶ, ಎಣ್ಣೆಗುಣಗಳನ್ನು ಹದಗೊಳಿಸಿ ಮನುಷ್ಯನ ಜೀವಕೋಶಕ್ಕೆ ಹಾನಿಯಾಗದಂತೆ ನೋಡಿಕೊಳ್ಳುವ ಕೈಚಳಕ ಎರಡಕ್ಕೂ ಒಂದೇ. ಆ ಕೈಚಳಕ ನಮ್ಮ ಊರಿನಲ್ಲೇ ಇದೆ. ಡಯಾಲಿಸಿಸ್ ರೋಗಿಗಳಿಗೆ ಬೇಕಾದ ಪಾಲಿಮರ್ ಪುಡಿ, ಮಾತ್ರೆಗಳನ್ನು ತಯಾರಿಸುವ ಅನುಭವ ನಮ್ಮ ಔಷಧ ಕಂಪನಿಗಳಿಗೂ ಇದೆ. ಪ್ರತಿಕಾಯದ ಔಷಧದಂತೆ ಇದು ಬಡವರ ಕೈಗೆ ಎಟುಕದ ವಸ್ತುವಾಗಬೇಕಿಲ್ಲ.

ಕೊರತೆ ಇರುವುದು ಅದಕ್ಕಿಂತ ಮೊದಲಿನ ಮೆಟ್ಟಿಲಲ್ಲಿ. ನಮ್ಮಲ್ಲಿ ಮೆಡಿಕಲ್ ಶಾಪಿಗೆ ಹೋಗಿ ಚೀಟಿಯಿಲ್ಲದೆ ಆಂಟಿಬಯಾಟಿಕ್ ತರುವುದು ಸುಲಭ, ಅದರಿಂದ ಹತ್ತಿದ ಭೇದಿಗೆ ಕಾರಣ ಹುಡುಕುವುದು ಕಷ್ಟ. ಆಂಟಿಬಯಾಟಿಕ್ ಮುಗಿಸಿ ಎರಡು ಮೂರು ತಿಂಗಳವರೆಗೂ ಸಿ. ಡಿಫಿಸೀಲ್ ಕಾಡಬಹುದು. ಅದರಲ್ಲೂ ವಯಸ್ಸಾದವರು, ಆಸ್ಪತ್ರೆಯಲ್ಲಿ ಬಹಳ ದಿನ ಮಲಗಿದ್ದವರು, ಕ್ಯಾನ್ಸರ್ ಅಥವಾ ಕಿಡ್ನಿ ಕಾಯಿಲೆಯವರು ಎಚ್ಚರವಾಗಿರಬೇಕು. ದಿನಕ್ಕೆ ಮೂರು ಸಲ ಅಥವಾ ಅದಕ್ಕಿಂತ ಹೆಚ್ಚು ನೀರಾಗಿ ಹೋಗುತ್ತಿದ್ದರೆ, ಭೇದಿ ನಿಲ್ಲಿಸುವ ಮಾತ್ರೆಯನ್ನು ತಾವಾಗಿಯೇ ನುಂಗದೆ, ಹಿಂದೆ ಯಾವ ಆಂಟಿಬಯಾಟಿಕ್ ತೆಗೆದುಕೊಂಡಿದ್ದೆವು ಎಂಬುದನ್ನು ವೈದ್ಯರಿಗೆ ಹೇಳಬೇಕು. ಮಲದಲ್ಲಿ ಟಾಕ್ಸಿನ್ ಇದೆಯೇ ಎಂದು ನೋಡುವ ಪರೀಕ್ಷೆ ಇದೆ. ದೊಡ್ಡ ಆಸ್ಪತ್ರೆಗಳಲ್ಲಿ ಮಾಡುತ್ತಾರೆ, ಜಿಲ್ಲಾ ಆಸ್ಪತ್ರೆಗಳಲ್ಲೂ ಅದು ವಾಡಿಕೆಯಾಗಬೇಕು. ಸಿನ್‌ಸಾರ್ಬ್ ಸೋತದ್ದು ಬಹುಶಃ ತಡವಾಗಿ ಕೊಟ್ಟದ್ದರಿಂದ, ಟಾಲೆವಮರ್ ಸೋತದ್ದು ತಪ್ಪು ಟಾಕ್ಸಿನ್ನನ್ನು ಬಿಗಿಯಾಗಿ ಹಿಡಿದದ್ದರಿಂದ ಮತ್ತು ಅದನ್ನು ಒಬ್ಬಂಟಿಯಾಗಿ ಪರೀಕ್ಷಿಸಿದ್ದರಿಂದ. ಮುಂದಿನ ಪಾಲಿಮರ್ ಎಲ್ಲಿಂದಲೇ ಬರಲಿ, ಯಾವ ರೋಗಿಯಲ್ಲಿ ಯಾವ ವಿಷ ಎಷ್ಟಿದೆ ಎಂದು ಮೊದಲ ಎರಡು ದಿನದಲ್ಲೇ ಹೇಳಬಲ್ಲ ಲ್ಯಾಬು ಹಾಸಿಗೆಯ ಹತ್ತಿರವಿದ್ದರೆ ಮಾತ್ರ ಅದನ್ನು ಸರಿಯಾಗಿ ಪರೀಕ್ಷಿಸಲು ಸಾಧ್ಯ.